ಫೆಬ್ರವರಿ 30 ಯಾವ ಊರಲ್ಲಿ ಬರುತ್ತದೆ?



ಮುಂದಿನ ವರ್ಷದ ಗೋಡೆ ಕ್ಯಾಲೆಂಡರಿನ ಕೆಲಸ ಶುರುವಾಗಬೇಕಾಗಿದೆ. ಆದರೆ ಕಳೆದ ಕಾರ್ಯಕಾರಿ ಸಮಿತಿ ಸಭೆಯಲ್ಲಿ ಒಂದು ಪ್ರಶ್ನೆ ಎದ್ದಿತು. ಎಲ್ಲರ ಕೈಯಲ್ಲೂ ಮೊಬೈಲ್ ಇದೆ, ಅದರಲ್ಲೇ ತಿಥಿ ವಾರ ಎಲ್ಲ ಸಿಗುತ್ತದೆ, ಸಂಘದ ದುಡ್ಡು ಖರ್ಚು ಮಾಡಿ ಕ್ಯಾಲೆಂಡರ್ ಅಚ್ಚು ಹಾಕಿಸುವುದು ಏತಕ್ಕೆ? ಕೇಳಿದವರು ತಪ್ಪು ಕೇಳಲಿಲ್ಲ. ನನ್ನ ಹತ್ತಿರ ಆ ದಿನ ಸರಿಯಾದ ಉತ್ತರವಿರಲಿಲ್ಲ. ತೀರ್ಮಾನ ಮುಂದಿನ ಸಭೆಗೆ ಹೋಯಿತು.

ಅದೇ ವಾರ ನನ್ನ ಮಗಳ ಮಗಳು ರಜೆಗೆ ಅಕ್ಕಲಕೋಟೆಗೆ ಬಂದಿದ್ದಳು. ದಪ್ಪನೆಯ ಇಂಗ್ಲಿಷ್ ಪುಸ್ತಕವೊಂದನ್ನು ಹಿಡಿದು ಕೂತವಳು ತಲೆ ಎತ್ತಿ, "ಮುತ್ಯಾ, ಈ ಪುಸ್ತಕದಾಗ ತಪ್ಪಾಗೇದ ನೋಡು. ಫೆಬ್ರವರಿ ಮೂವತ್ತು ಅಂತ ಬರದಾರ" ಎಂದಳು. ನನಗೆ ನಗು ಬಂತು. ನಾನು ಗುಮಾಸ್ತನಾಗಿದ್ದ ಕಚೇರಿಯಲ್ಲಿ ಆಗದ ಕೆಲಸಕ್ಕೆ ಇಡುತ್ತಿದ್ದ ವಾಯಿದೆಯೇ ಅದು. ಬಾಕಿ ಬಿಲ್ಲು ಯಾವಾಗ ಪಾಸಾಗುತ್ತದೆ ಎಂದು ಯಾರಾದರೂ ಕೇಳಿದರೆ, ಹಿಂದಿನ ಮೇಜಿನಿಂದ ಒಬ್ಬರು "ಫೆಬ್ರವರಿ ಮೂವತ್ತಕ್ಕ" ಎನ್ನುತ್ತಿದ್ದರು.

ಪುಸ್ತಕ ಇಸಿದುಕೊಂಡು ನೋಡಿದೆ. ತಪ್ಪಾಗಿರಲಿಲ್ಲ. ಆ ಲೋಕದಲ್ಲಿ ಫೆಬ್ರವರಿಗೆ ನಿಜವಾಗಿಯೂ ಮೂವತ್ತು ದಿನ. ಮುಂದಿನ ನಾಲ್ಕು ದಿನ ಮೊಮ್ಮಗಳೂ ನಾನೂ ಕಾಗದ ಪೆನ್ಸಿಲು ಹಿಡಿದು ಆ ಕ್ಯಾಲೆಂಡರನ್ನು ಬಿಡಿಸಿದೆವು. ಸಮಿತಿಯ ಪ್ರಶ್ನೆಗೆ ನನಗೆ ಹೊಳೆದ ಉತ್ತರವೂ ಅದರಲ್ಲೇ ಇರುವುದರಿಂದ ಇಲ್ಲಿ ಬರೆಯುತ್ತಿದ್ದೇನೆ.

ಪುಸ್ತಕ 'ದಿ ಲಾರ್ಡ್ ಆಫ್ ದಿ ರಿಂಗ್ಸ್'. ಬರೆದವರು ಜೆ. ಆರ್. ಆರ್. ಟೋಲ್ಕಿನ್ (1892–1973), ಆಕ್ಸ್‌ಫರ್ಡಿನಲ್ಲಿ ಹಳೆಯ ಇಂಗ್ಲಿಷ್ ಭಾಷೆಯ ಪ್ರಾಧ್ಯಾಪಕರು. ಮೂರು ಸಂಪುಟಗಳಾಗಿ 1954–55ರಲ್ಲಿ ಬಂತು. ಸಿನಿಮಾ ನೋಡಿದವರು ನಮ್ಮಲ್ಲಿ ಬಹಳ ಮಂದಿ ಇರಬಹುದು. ಕಥೆ ನಡೆಯುವುದು ಮಧ್ಯಭೂಮಿ ಎಂಬ ಕಲ್ಪಿತ ಲೋಕದಲ್ಲಿ. ಅಲ್ಲಿ ಶೈರ್ ಎಂಬ ಹಸಿರು ಸೀಮೆಯಲ್ಲಿ ಹಾಬಿಟ್ ಎಂಬ ಗಿಡ್ಡ ಜನ ವಾಸವಾಗಿದ್ದಾರೆ. ಹೊಲ ಮನೆ, ಊಟ, ನೆಂಟಸ್ತನ, ಇವಿಷ್ಟೇ ಅವರಿಗೆ ಬೇಕು. ಮೂರನೆಯ ಸಂಪುಟದ ಕೊನೆಗೆ ಅನುಬಂಧಗಳಿವೆ. ಒಂದರಲ್ಲಿ ವರ್ಷ ತಿಂಗಳು ದಿನದ ಪ್ರಕಾರ ಘಟನೆಗಳ ಪಟ್ಟಿ ಇದೆ. ಫೆಬ್ರವರಿ 30 ಇರುವುದು ಅಲ್ಲಿ. ಇನ್ನೊಂದರಲ್ಲಿ ಬರೀ ಕ್ಯಾಲೆಂಡರಿನ ವಿವರ. ಕಥೆ ಓದುವವರು ಸಾಮಾನ್ಯವಾಗಿ ಅದನ್ನು ಬಿಟ್ಟುಬಿಡುತ್ತಾರಂತೆ. ಹಾಜರಿ ಪುಸ್ತಕ ಗೆರೆ ಎಳೆದು ಬದುಕಿದ ನನಗೆ ಅದೇ ರುಚಿಸಿತು.

ಲೆಕ್ಕ ಹೀಗಿದೆ. ಹಾಬಿಟ್‌ರಿಗೆ ಹನ್ನೆರಡು ತಿಂಗಳು, ಪ್ರತಿ ತಿಂಗಳಿಗೂ ಸರಿಯಾಗಿ ಮೂವತ್ತು ದಿನ. ಒಟ್ಟು 360. ಉಳಿದ ಐದು ದಿನಗಳನ್ನು ಅವರು ಯಾವ ತಿಂಗಳಿಗೂ ಸೇರಿಸುವುದಿಲ್ಲ. ಎರಡು ದಿನ ಚಳಿಗಾಲದ ನಡುವೆ, ಅವಕ್ಕೆ ಯೂಲ್ ಎಂದು ಹೆಸರು: ಒಂದು ಹಳೆಯ ವರ್ಷದ ಕೊನೆಯ ದಿನ, ಇನ್ನೊಂದು ಹೊಸ ವರ್ಷದ ಮೊದಲ ದಿನ. ಮೂರು ದಿನ ಬೇಸಿಗೆಯ ನಡುವೆ, ಆರನೆಯ ಮತ್ತು ಏಳನೆಯ ತಿಂಗಳ ಮಧ್ಯೆ: ಮೊದಲ ಲಿಥ್, ನಡುವರ್ಷದ ದಿನ, ಎರಡನೆಯ ಲಿಥ್. ನಾಲ್ಕು ವರ್ಷಕ್ಕೊಮ್ಮೆ ನಡುವರ್ಷದ ದಿನದ ಮರುದಿನ ಓವರ್‌ಲಿಥ್ ಎಂಬ ಒಂದು ದಿನ ಹೆಚ್ಚು. ಶತಮಾನದ ಕೊನೆಯ ವರ್ಷದಲ್ಲಿ ಅದು ಇಲ್ಲ. ಈ ದಿನಗಳೆಲ್ಲ ಹಬ್ಬ. ಯಾವ ತಿಂಗಳ ಲೆಡ್ಜರಿಗೂ ಸೇರದ ದಿನಗಳಲ್ಲಿ ಸಾಲ ಬಡ್ಡಿ ಕೇಳುವವರೂ ಇರಲಿಕ್ಕಿಲ್ಲ ಎಂದುಕೊಂಡೆ.

ಇಷ್ಟಾದರೆ ವಿಶೇಷವೇನಿಲ್ಲ. ವಿಶೇಷ ಇರುವುದು ವಾರದ ವಿಷಯದಲ್ಲಿ. 365 ದಿನವನ್ನು ಏಳರಿಂದ ಭಾಗಿಸಿದರೆ 52 ವಾರ ಆಗಿ ಒಂದು ದಿನ ಉಳಿಯುತ್ತದೆ. ಆ ಒಂದು ದಿನದಿಂದಾಗಿಯೇ ನಮ್ಮಲ್ಲಿ ಈ ವರ್ಷ ಬುಧವಾರ ಬಂದ ತಾರೀಖು ಮುಂದಿನ ವರ್ಷ ಗುರುವಾರಕ್ಕೆ ಜಾರುತ್ತದೆ, ಅಧಿಕ ದಿನ ನಡುವೆ ಬಂದರೆ ಎರಡು ದಿನ ಜಾರುತ್ತದೆ. ಹಾಬಿಟ್‌ರು ಒಂದು ಕಾಲದಲ್ಲಿ ಕೂತು ತೀರ್ಮಾನ ಮಾಡಿದರು: ನಡುವರ್ಷದ ದಿನಕ್ಕೆ ವಾರವೇ ಬೇಡ. ಅದು ಸೋಮವಾರವೂ ಅಲ್ಲ, ಮಂಗಳವಾರವೂ ಅಲ್ಲ. ಓವರ್‌ಲಿಥ್ ಬಂದರೆ ಅದಕ್ಕೂ ವಾರವಿಲ್ಲ. ಅಲ್ಲಿಗೆ 364 ದಿನ, ಸರಿಯಾಗಿ 52 ವಾರ. ವರ್ಷ ಯಾವಾಗಲೂ ಶನಿವಾರ ಆರಂಭ, ಶುಕ್ರವಾರ ಮುಕ್ತಾಯ. ಒಂದು ತಾರೀಖಿಗೆ ಯಾವ ವಾರವೋ ಎಲ್ಲ ವರ್ಷವೂ ಅದೇ ವಾರ. ಒಂದೇ ಕ್ಯಾಲೆಂಡರ್ ಅಚ್ಚು ಹಾಕಿಸಿದರೆ ಮೊಮ್ಮಕ್ಕಳ ಕಾಲದವರೆಗೂ ನಡೆಯುತ್ತದೆ. (ಇದನ್ನು ನಮ್ಮ ಖಜಾಂಚಿಗಳಿಗೆ ಹೇಳಿದಾಗ ಅವರ ಮುಖ ಅರಳಿತು.) ಹಾಬಿಟ್‌ರು ಕಾಗದ ಪತ್ರ ಬರೆಯುವಾಗ ವಾರ ಬರೆಯುವುದನ್ನೇ ಬಿಟ್ಟರು, ತಾರೀಖು ಹೇಳಿದರೆ ಸಾಕಾಯಿತು.

ನಾವು ತಾತ ಮೊಮ್ಮಗಳು ತಿಂಗಳ ಮೊದಲ ತಾರೀಖುಗಳನ್ನು ಹಾಕಿ ನೋಡಿದೆವು. ವರ್ಷದ ಮೊದಲ ದಿನ ಶನಿವಾರ, ಅದು ತಿಂಗಳಿಗೆ ಸೇರದ ಯೂಲ್ ದಿನ. ಹಾಗಾಗಿ ಮೊದಲ ತಿಂಗಳ 1ನೇ ತಾರೀಖು ಭಾನುವಾರ. ಮೂವತ್ತು ದಿನವೆಂದರೆ ನಾಲ್ಕು ವಾರ ಎರಡು ದಿನ. ಆದ್ದರಿಂದ ಎರಡನೆಯ ತಿಂಗಳು ಮಂಗಳವಾರ, ಮೂರನೆಯದು ಗುರುವಾರ, ನಾಲ್ಕನೆಯದು ಶನಿವಾರ, ಐದನೆಯದು ಸೋಮವಾರ, ಆರನೆಯದು ಬುಧವಾರ ಆರಂಭ. ಲಿಥ್ ಹಬ್ಬ ಮುಗಿದು ಏಳನೆಯ ತಿಂಗಳು ಮತ್ತೆ ಭಾನುವಾರದಿಂದ ಅದೇ ಸಾಲು. ನೋಡಿದರೆ ಶುಕ್ರವಾರ ಮಾತ್ರ ಯಾವ ತಿಂಗಳೂ ಹುಟ್ಟುವುದಿಲ್ಲ. ಟೋಲ್ಕಿನ್ ಇದನ್ನು ಬಿಟ್ಟಿಲ್ಲ. ಶೈರಿನಲ್ಲಿ ಎಂದೂ ಆಗದ ಸಂಗತಿಗೆ 'ಒಂದನೇ ತಾರೀಖು ಶುಕ್ರವಾರ' ಎಂದು ತಮಾಷೆಯಾಗಿ ಹೇಳುತ್ತಿದ್ದರಂತೆ: ಹಂದಿ ಹಾರುವ ದಿನ, ಮರ ನಡೆಯುವ ದಿನ ಎಂಬ ಅರ್ಥದಲ್ಲಿ. ನಮ್ಮ ಬಾಗಿಲ ಮೇಲಿನ 'ನಾಳೆ ಬಾ' ಇದ್ದ ಹಾಗೆ, ನಮ್ಮ ಕಚೇರಿಯ ಫೆಬ್ರವರಿ ಮೂವತ್ತರ ಹಾಗೆ.

ಇಲ್ಲೊಂದು ಚಂದದ ಸಂಗತಿ ಇದೆ. ಮೊಮ್ಮಗಳು ತಪ್ಪು ಎಂದು ತೋರಿಸಿದ ಆ ಫೆಬ್ರವರಿ 30ರಂದು ಏನಾಯಿತು ಎಂದರೆ, ಫಾಂಗಾರ್ನ್ ಕಾಡಿನಲ್ಲಿ ಎಂಟ್‌ರ ಸಭೆ ಶುರುವಾಯಿತು. ಎಂಟ್‌ರು ಎಂದರೆ ಮರದಂಥ ದೈತ್ಯರು, ನಡೆಯುವ ಮರಗಳೆಂದೇ ಅನ್ನಿ. ನಮ್ಮ ಲೆಕ್ಕದಲ್ಲಿ ಎಂದೂ ಬರದ ದಿನ, ಹಾಬಿಟ್‌ರ ಗಾದೆಯಲ್ಲಿ ಎಂದೂ ಆಗದ ಕೆಲಸ, ಎರಡೂ ಒಂದೇ ಕಡೆ ಸೇರಿವೆ. ಟೋಲ್ಕಿನ್ ಬೇಕೆಂದೇ ಮಾಡಿದರೆಂದು ನಾನು ಹೇಳುವುದಿಲ್ಲ. ಆದರೆ ಪಟ್ಟಿ ನೋಡಿದಾಗ ಹಾಗೆ ಕಂಡಿತು.

ಲೆಕ್ಕವನ್ನು ಕಥೆಗೆ ತಾಳೆ ಹಾಕಿಯೂ ನೋಡಿದೆವು. ಮುದುಕ ಬಿಲ್ಬೋನ ನೂರಾ ಹನ್ನೊಂದನೇ ಹುಟ್ಟುಹಬ್ಬ ಸೆಪ್ಟೆಂಬರ್ 22, ಗುರುವಾರ ಎಂದು ಮೊದಲ ಅಧ್ಯಾಯದಲ್ಲೇ ಇದೆ. ಒಂಬತ್ತನೆಯ ತಿಂಗಳು ಗುರುವಾರ ಆರಂಭ. 8, 15, 22 ಎಲ್ಲ ಗುರುವಾರವೇ. ಸರಿಹೋಯಿತು. ಮೊದಲ ಸಂಪುಟದ ಮೊದಲ ಅಧ್ಯಾಯದ ಒಂದು ವಾರವನ್ನು ಮೂರನೆಯ ಸಂಪುಟದ ಕೊನೆಯಲ್ಲಿರುವ ಅನುಬಂಧದಿಂದ ಪರೀಕ್ಷಿಸಬಹುದು ಎಂದರೆ, ಈ ಮನುಷ್ಯ ಎಂಥ ಲೆಕ್ಕಪತ್ರ ಇಟ್ಟಿದ್ದ ಎಂದು ನನಗೆ ಗೌರವ ಬಂತು.

ಹಾಗಾದರೆ ಇಷ್ಟು ಅನುಕೂಲದ ಕ್ಯಾಲೆಂಡರನ್ನು ನಾವೇಕೆ ಇಟ್ಟುಕೊಳ್ಳಬಾರದು? ಕೇಳಿದವರಿದ್ದಾರೆ. ಅಮೆರಿಕದ ಎಲಿಜಬೆತ್ ಅಕೆಲಿಸ್ ಎಂಬಾಕೆ 1930ರಲ್ಲಿ ವಿಶ್ವ ಕ್ಯಾಲೆಂಡರ್ ಎಂಬುದನ್ನು ಮುಂದಿಟ್ಟರು. ಅದರಲ್ಲೂ ವರ್ಷದ ಕೊನೆಗೆ ವಾರವಿಲ್ಲದ ಒಂದು ದಿನ. ಪ್ರತಿ ವರ್ಷ ಭಾನುವಾರವೇ ಆರಂಭ. ಅದನ್ನು ವಿಶ್ವಸಂಸ್ಥೆಯ ಮುಂದೆ ಎತ್ತಿದ್ದು ಬೇರೆ ಯಾರೂ ಅಲ್ಲ, ಭಾರತ. 1954ರಲ್ಲಿ ಜಿನೀವಾದಲ್ಲಿ ವಿಜ್ಞಾನಿ ಮೇಘನಾದ ಸಾಹಾ ಅವರು ಅದರ ಪರವಾಗಿ ಮಾತನಾಡಿದರು. ಏಳು ದಿನಕ್ಕೊಮ್ಮೆ ತಪ್ಪದೆ ಪ್ರಾರ್ಥನೆಯ ದಿನ ಆಚರಿಸುವ ಧರ್ಮಗಳವರು ಒಪ್ಪಲಿಲ್ಲ. ನಡುವೆ ವಾರವಿಲ್ಲದ ದಿನ ಸೇರಿಸಿದರೆ ಅವರ ಏಳನೆಯ ದಿನ ಕ್ಯಾಲೆಂಡರಿನ ಏಳನೆಯ ದಿನವಾಗಿ ಉಳಿಯುವುದಿಲ್ಲವಲ್ಲ. 1956ರಲ್ಲಿ ವಿಷಯ ಬದಿಗೆ ಸರಿಯಿತು. ಅದೇ ಸಾಹಾ ಅವರ ಅಧ್ಯಕ್ಷತೆಯ ಸಮಿತಿಯ ವರದಿಯಿಂದ ನಮ್ಮ ರಾಷ್ಟ್ರೀಯ ಶಕ ಪಂಚಾಂಗ ಬಂತು, 1957ರ ಮಾರ್ಚ್ 22ಕ್ಕೆ, ಚೈತ್ರ 1, ಶಕ 1879. ಸರ್ಕಾರಿ ಗೆಜೆಟ್ಟಿನ ಮೇಲೆ ಇಂದಿಗೂ ಅದರ ತಾರೀಖು ಬರುತ್ತದೆ. ನಾನು ಅದನ್ನು ಎಷ್ಟೋ ವರ್ಷ ಕಣ್ಣಾರೆ ಕಂಡೆ. ಅದರ ಪ್ರಕಾರ ಮದುವೆ ಮಾಡಿದವರನ್ನು ಕಾಣಲಿಲ್ಲ.

ಹಾಬಿಟ್‌ರ ಕ್ಯಾಲೆಂಡರಿಗೂ ಇದೇ ತೊಡಕು. ಊರೊಳಗೆ ಬಹಳ ಅನುಕೂಲ, ಬೇಲಿ ದಾಟಿದರೆ ಕಷ್ಟ. ಶೈರಿನ ಪೂರ್ವಕ್ಕೆ ಬ್ರೀ ಎಂಬ ಊರಿದೆ. ಅಲ್ಲಿಯೂ ಹಾಬಿಟ್‌ರಿದ್ದಾರೆ, ಮನುಷ್ಯರ ಜೊತೆ ಬೆರೆತು. ಬ್ರೀ ದಾಟಿ ಹೋದವನಿಗೆ ತನ್ನ ವಾರ ಬೇರೆ, ಲೋಕದ ವಾರ ಬೇರೆ. ವರ್ಷದ ಎಣಿಕೆಯಂತೂ ಬ್ರೀಯಲ್ಲೇ ಬದಲು. ಶೈರಿನವರು ತಮ್ಮ ಹಿರಿಯರು ಬ್ರಾಂಡಿವೈನ್ ನದಿ ದಾಟಿ ಬಂದ ವರ್ಷವನ್ನು 1 ಎಂದು ಎಣಿಸುತ್ತಾರೆ. ಬ್ರೀಯವರು ತಮ್ಮ ಊರು ಕಟ್ಟಿದ ವರ್ಷದಿಂದ. ನಡುವಿನ ವ್ಯತ್ಯಾಸ 301. ಉಂಗುರ ಹೊತ್ತ ಫ್ರೋಡೋ ಬ್ರೀಯ ಛತ್ರಕ್ಕೆ ಬಂದಾಗ ಅವನ ಮನೆಯಲ್ಲಿ 1418ನೇ ಇಸವಿ, ಛತ್ರದವನಿಗೆ 1719. ಕಾಸರಗೋಡಿನಿಂದ ಕೊಲ್ಲಂ ವರ್ಷದ ತಾರೀಖು ಹಾಕಿದ ಹಳೆಯ ದಸ್ತಾವೇಜು ನೋಡಿದವರಿಗೂ, ಸೊಲ್ಲಾಪುರದಲ್ಲಿ ಫಸಲಿ ವರ್ಷದ ಪಹಣಿ ಹುಡುಕಿದವರಿಗೂ ಇದು ಹೊಸತಲ್ಲ.

ತಿಂಗಳ ಹೆಸರುಗಳಿಗೆ ಬರುತ್ತೇನೆ, ನನಗೆ ಹೇಳಬೇಕಾದದ್ದು ಇಲ್ಲಿಯೇ ಇದೆ. ಹಾಬಿಟ್‌ರು ಶೈರಿಗೆ ವಲಸೆ ಬಂದವರು. ಮೊದಲು ಪರ್ವತದಾಚೆ ದೊಡ್ಡ ನದಿಯ ಕಣಿವೆಯಲ್ಲಿದ್ದರು. ಬರಬರುತ್ತ ತಮ್ಮ ಹಳೆಯ ಮಾತು ಬಿಟ್ಟು ಹೊಸ ನಾಡಿನ ರಾಜ್ಯದ ಭಾಷೆಯನ್ನು ಆಡತೊಡಗಿದರು. ಮನೆಯಲ್ಲೂ ಅದೇ, ಸಂತೆಯಲ್ಲೂ ಅದೇ. ಹಳೆಯ ಮಾತಿನಲ್ಲಿ ಉಳಿದದ್ದು ಏನೆಂದು ಟೋಲ್ಕಿನ್ ಮುನ್ನುಡಿಯಲ್ಲಿ ಲೆಕ್ಕ ಕೊಡುತ್ತಾರೆ: ಕೆಲವು ಪದ, ಜನರ ಹೆಸರುಗಳು, ಮತ್ತು ತಿಂಗಳ, ವಾರದ ಹೆಸರುಗಳು. ಇಷ್ಟೇ. ಕ್ಯಾಲೆಂಡರಿನ ಪದ್ಧತಿಯೂ ಅವರದಲ್ಲ, ರಾಜರಿಂದ ಪಡೆದದ್ದು. ಆದರೆ ರಾಜರು ಇಟ್ಟ ತಿಂಗಳ ಹೆಸರನ್ನು ಅವರು ತೆಗೆದುಕೊಳ್ಳಲಿಲ್ಲ. ಪದ್ಧತಿ ರಾಜ್ಯದ್ದು, ಹೆಸರು ತಮ್ಮದು.

ಆ ಹೆಸರುಗಳನ್ನು ಟೋಲ್ಕಿನ್ ಎಲ್ಲಿಂದ ತಂದರು? ಇಂಗ್ಲಿಷರೇ ಮರೆತ ತಮ್ಮ ಹಳೆಯ ತಿಂಗಳುಗಳಿಂದ. ಬೀಡ್ ಎಂಬ ಸನ್ಯಾಸಿ 725ರಲ್ಲಿ ಬರೆದ ಕಾಲಗಣನೆಯ ಗ್ರಂಥದಲ್ಲಿ ಅವು ಉಳಿದಿವೆ. ಹಸುಗಳು ದಿನಕ್ಕೆ ಮೂರು ಸಲ ಹಾಲು ಕೊಡುವ ತಿಂಗಳು ಒಂದಿತ್ತು. ಅದು ಹಾಬಿಟ್‌ರ ಬಾಯಲ್ಲಿ ಥ್ರಿಮಿಜ್, ನಮ್ಮ ಮೇ. ಕಳೆ ಬೆಳೆಯುವ ತಿಂಗಳು ವೆಡ್‌ಮಾತ್, ಆಗಸ್ಟ್. ಸೆಪ್ಟೆಂಬರ್ ಹಾಲಿಮಾತ್, ಪವಿತ್ರ ತಿಂಗಳು. ರೋಮಿನ ತಿಂಗಳುಗಳು ಬಂದು ಈ ಹೆಸರುಗಳು ಇಂಗ್ಲೆಂಡಿನಲ್ಲಿ ಅಳಿದವು. ಅಳಿಯದೆ ಸವೆದು ಉಳಿದಿದ್ದರೆ ಹೇಗೆ ಕೇಳಿಸುತ್ತಿದ್ದವೋ ಹಾಗೆ ಅವರು ಹಾಬಿಟ್‌ರ ನಾಲಿಗೆಯಲ್ಲಿ ಇಟ್ಟರು.

ವಾರದ ಹೆಸರುಗಳ ಅರ್ಥ ಹಾಬಿಟ್‌ರಿಗೇ ಗೊತ್ತಿಲ್ಲ. ನಕ್ಷತ್ರ, ಸೂರ್ಯ, ಚಂದ್ರ, ಮರ, ಆಕಾಶ, ಸಮುದ್ರ, ದೇವತೆಗಳು, ಹೀಗೆ ರಾಜರ ಕಾಲದ ವಾರಗಳ ಅನುವಾದ ಅವು. ಮರ್ಸ್‌ಡೇ ಎಂದರೆ ಸಮುದ್ರವಾರ, ನಮ್ಮ ಗುರುವಾರ. ಹಾಬಿಟ್‌ರಿಗೆ ಸಮುದ್ರವೆಂದರೆ ಭಯ. ಬಹುಪಾಲು ಜನ ಅದನ್ನು ಕಂಡವರೇ ಅಲ್ಲ. ಆದರೂ ವಾರಕ್ಕೊಮ್ಮೆ ತಪ್ಪದೆ ಸಮುದ್ರದ ಹೆಸರು ಹೇಳುತ್ತಾರೆ, ಅರ್ಥ ತಿಳಿಯದೆ. ಕಥೆಯ ಕೊನೆಗೆ ಬಿಲ್ಬೋ ಮತ್ತು ಫ್ರೋಡೋ ಹಡಗು ಹತ್ತಿ ಸಮುದ್ರದಾಚೆ ಹೊರಟುಹೋಗುವ ದಿನ ಸೆಪ್ಟೆಂಬರ್ 29. ಮೊಮ್ಮಗಳು ಬೆರಳು ಎಣಿಸಿ ಹೇಳಿದಳು: ಗುರುವಾರ. ಸಮುದ್ರವಾರ.

ನೆರೆಯವರ ಗೇಲಿಯನ್ನೂ ಟೋಲ್ಕಿನ್ ಬರೆದಿಟ್ಟಿದ್ದಾರೆ. ಶೈರಿನವರ ಹತ್ತನೆಯ ತಿಂಗಳ ಹೆಸರು ವಿಂಟರ್‌ಫಿಲ್ತ್. ಫಿಲ್ತ್ ಎಂದರೆ ಕೊಳೆ ಎಂದು ಬ್ರೀಯವರು ನಗುತ್ತಿದ್ದರು. ಅವರ ಹೆಸರು ವಿಂಟ್ರಿಂಗ್, ಅಚ್ಚುಕಟ್ಟು. ಶೈರಿನವರು ಹೇಳುತ್ತಿದ್ದರು: ನಮ್ಮದೇ ಹಳೆಯದು, ಚಳಿಗೆ ಮುಂಚೆ ವರ್ಷ ತುಂಬುವುದು ಎಂಬ ಅರ್ಥ, ನೀವು ಕೆಡಿಸಿಕೊಂಡಿದ್ದೀರಿ. ಬೆಂಗಳೂರಿಗೆ ಹೋದಾಗ ನಮ್ಮ ಮಾತಿಗೆ ನಕ್ಕವರನ್ನು ನೆನೆದು ಈ ಸಾಲುಗಳನ್ನು ನಾನು ಎರಡು ಸಲ ಓದಿದೆ. ಇನ್ನೊಂದು: ಶೈರಿನ ಪೂರ್ವ ಭಾಗದವರು, ಅಂದರೆ ಬ್ರೀಗೆ ಹತ್ತಿರದವರು, ಕೆಲವು ತಿಂಗಳಿಗೆ ಬ್ರೀಯ ಹೆಸರನ್ನೇ ಹೇಳುತ್ತಾರೆ. ಗಡಿಯವರು ಎಲ್ಲ ಲೋಕದಲ್ಲೂ ಒಂದೇ.

ನಮ್ಮ ಕಡೆಯ ಉದಾಹರಣೆ ಒಂದು ಹೇಳಿ ಮುಂದೆ ಹೋಗುತ್ತೇನೆ. ಸೊಲ್ಲಾಪುರ, ಲಾತೂರು, ಧಾರಾಶಿವ ಕಡೆ ಮರಾಠಿ ರೈತರು ಹೊಲದಲ್ಲಿ ಭಜ್ಜಿ, ಅಂಬಿಲ ಇಟ್ಟು ಆಚರಿಸುವ 'ವೇಳ ಅಮಾವಾಸ್ಯಾ' ಬಲ್ಲಿರಿ. ವೇಳ ಎಂದರೇನೆಂದು ಮರಾಠಿಯಲ್ಲಿ ಹುಡುಕಿದರೆ ಹೊತ್ತು ಎಂದು ಸಿಗುತ್ತದೆ, ಹಬ್ಬಕ್ಕೂ ಅದಕ್ಕೂ ತಾಳೆ ಬೀಳುವುದಿಲ್ಲ. ಅದು ನಮ್ಮ ಎಳ್ಳಮಾಸಿಯೇ ಎಂದು ತಿಳಿದವರು ಹೇಳುತ್ತಾರೆ. ಮನೆಮಾತು ಮರಾಠಿಯಾದ ಎಷ್ಟೋ ಹೊಲಗಳಲ್ಲಿ ವರ್ಷಕ್ಕೆ ಒಂದು ದಿನ ಎಳ್ಳು ಎಂಬ ಕನ್ನಡ ಪದ ಹೆಸರು ಮರೆಸಿಕೊಂಡು ಬಂದು ಊಟ ಮಾಡಿ ಹೋಗುತ್ತದೆ.

ಎಲ್ವ್ ಎಂಬ ದೇವಜಾತಿಯವರ ಕ್ಯಾಲೆಂಡರ್ ಬೇರೆಯೇ ಇದೆ. ಅವರಿಗೆ ತಿಂಗಳ ಬದಲು ಆರು ಋತುಗಳು, ನಮ್ಮ ಹಾಗೆ. ಆದರೆ ಅವು ಸಮ ಅಲ್ಲ: ಬೇಸಿಗೆ ಮತ್ತು ಚಳಿ 72 ದಿನ, ಉಳಿದ ನಾಲ್ಕು 54. ದಿನದ ಎಣಿಕೆ ಸೂರ್ಯಾಸ್ತದಿಂದ ಸೂರ್ಯಾಸ್ತಕ್ಕೆ. ಸಾವಿಲ್ಲದವರಾದ್ದರಿಂದ 144 ವರ್ಷಕ್ಕೆ ಒಂದು ದೊಡ್ಡ ವರ್ಷ. ನಮಗೆ ಅದು ಉಪಯೋಗವಿಲ್ಲ.

ಯುದ್ಧ ಮುಗಿದ ಮೇಲೆ ಗೊಂಡೋರ್ ರಾಜ್ಯದವರು ಹೊಸ ಕ್ಯಾಲೆಂಡರ್ ಮಾಡಿದರು. ಶತ್ರು ಸೋತ ಮಾರ್ಚ್ 25ಕ್ಕೆ ವರ್ಷಾರಂಭ. ಫ್ರೋಡೋನ ಹುಟ್ಟಿದ ದಿನ ಅಲ್ಲಿ ಹಬ್ಬವಾಯಿತು. ಅವನ ಸ್ವಂತ ಊರು ಶೈರಿನಲ್ಲಿ ಅದೇನೂ ಆಗಲಿಲ್ಲ, ಹಳೆಯ ಎಣಿಕೆಯೇ ಮುಂದುವರಿಯಿತು. ಆದರೆ ನದಿಯಾಚೆ ಬಕ್‌ಲ್ಯಾಂಡ್ ಎಂಬ ಗಡಿ ಭಾಗದಲ್ಲಿ ಮಾತ್ರ ಪ್ರತಿ ನವೆಂಬರ್ 2ರ ಸೂರ್ಯಾಸ್ತಕ್ಕೆ ಕೊಂಬು ಊದಿ, ಬೆಂಕಿ ಹಾಕಿ, ಊಟ ಹಾಕುತ್ತಿದ್ದರು. ಊರನ್ನು ಹಿಡಿದಿದ್ದ ದುಷ್ಟರ ಮೇಲೆ ಜನ ಎದ್ದ ನೆನಪಿಗೆ. ನವೆಂಬರ್ 2 ಓದಿದಾಗ ನನಗೆ ನವೆಂಬರ್ 1 ನೆನಪಾಗದೆ ಇರಲಿಲ್ಲ. ರಾಜ್ಯದೊಳಗೆ ಅದು ರಾಜ್ಯೋತ್ಸವ. ನಮ್ಮ ಕಾಸರಗೋಡಿನ ಹಿರಿಯರಿಗೆ 1956ರ ಅದೇ ದಿನ ಊರು ಆಚೆಗೆ ಹೋದ ದಿನವೂ ಹೌದು. ಒಂದೇ ಚೌಕ, ಕೆಂಪು ಶಾಯಿ ಒಂದೇ. ಅದರ ಕೆಳಗೆ ಏನು ಬರೆಯಬೇಕೆಂದು ಬೆಂಗಳೂರಿನಲ್ಲಿ ಅಚ್ಚಾದ ಕ್ಯಾಲೆಂಡರ್ ಹೇಳಲಾರದು, ಮೊಬೈಲೂ ಹೇಳಲಾರದು.

ಆದ್ದರಿಂದ ಸಮಿತಿಯ ಮುಂದೆ ನಾನು ಇಡುವ ಸಲಹೆ: ಕ್ಯಾಲೆಂಡರ್ ಅಚ್ಚಾಗಲಿ, ಆದರೆ ಪೇಟೆಯಲ್ಲಿ ಸಿಗುವ ಕ್ಯಾಲೆಂಡರಿನ ನಕಲಾಗದೆ, ನಮ್ಮ ಊರುಗಳಲ್ಲಿ ದಿನಕ್ಕೆ ಇರುವ ಹೆಸರುಗಳ ಪುಸ್ತಕವಾಗಿ. ಕಾಸರಗೋಡಿನವರ ಸುಗ್ಗಿ, ಪಗ್ಗು, ಆಟಿ ತಿಂಗಳು. ನೀಲಗಿರಿಯ ಬಡಗರ ದೊಡ್ಡ ದೀವಿಗೆ, ಕಿರು ದೀವಿಗೆ. ಜತ್ತ, ಅಕ್ಕಲಕೋಟೆಯ ಕಾರಹುಣ್ಣಿಮೆ, ಎಳ್ಳಮಾಸಿ. ಆದವಾನಿ, ರಾಯದುರ್ಗದ ರೈತರು ಮಳೆ ನಕ್ಷತ್ರಕ್ಕೆ ಹೇಳುವ ಮಾತು. ಹೊಸೂರು, ತಾಳವಾಡಿಯ ಊರಹಬ್ಬಗಳ ಹೆಸರು. ಮನೆಯ ಹಿರಿಯರನ್ನು ಕೇಳಿ, ಅವರು ಹೇಳಿದ ಹಾಗೆಯೇ ಬರೆದು, ಊರಿನ ಹೆಸರು ಹಾಕಿ ದಸರೆಯೊಳಗೆ ಶಾಖೆಯ ಕಾರ್ಯದರ್ಶಿಗಳಿಗೆ ಕೊಡಿ. ಕಾಗುಣಿತ ತಿದ್ದಬೇಡಿ. ಅರ್ಥ ಗೊತ್ತಿಲ್ಲದಿದ್ದರೂ ಪರವಾಗಿಲ್ಲ, ಹೆಸರು ಬರಲಿ.

ಮೊಮ್ಮಗಳ ವಿಷಯ ಅರ್ಧಕ್ಕೆ ಬಿಟ್ಟೆ. ಊರಿಗೆ ಹೊರಡುವ ದಿನ ಅವಳು ಪೆಚ್ಚುಮೋರೆ ಹಾಕಿಕೊಂಡು ಬಂದಳು. "ಮುತ್ಯಾ, ನಂದು ಆಗಸ್ಟ್ ಮೂವತ್ತೊಂದು. ಆ ಕ್ಯಾಲೆಂಡರ್‌ನಾಗ ಯಾವ ತಿಂಗಳಿಗೂ ಮೂವತ್ತೊಂದ ಇಲ್ಲ. ನನಗ ಹುಟ್ಟಿದ ದಿನಾನ ಇಲ್ಲಲ್ಲ!" ಅವಳ ಅಜ್ಜಿ ಒಳಗಿನಿಂದಲೇ ಹೇಳಿದಳು: "ಯಾಕಿಲ್ಲ? ನೀ ಹುಟ್ಟಿದ್ದು ಶ್ರಾವಣ ಬಹುಳ ಸಪ್ತಮಿ, ಗೋಕುಲಾಷ್ಟಮಿ ಹಿಂದಿನ ದಿನ." ಹುಡುಗಿಗೆ ಅದು ಹೊಸ ಸುದ್ದಿ. ಅಡುಗೆಮನೆಯ ಗೋಡೆಯಿಂದ ಈ ವರ್ಷದ ನಮ್ಮ ಸಂಘದ ಕ್ಯಾಲೆಂಡರ್ ಇಳಿಸಿ, ಆ ಚೌಕ ಹುಡುಕಿ, ಪೆನ್ಸಿಲಿನಲ್ಲಿ ತನ್ನ ಹೆಸರು ಬರೆದು ಹೋಗಿದ್ದಾಳೆ. ಕನ್ನಡದಲ್ಲಿ ಬರೆದಿದ್ದಾಳೆ, ಒಂದು ಒತ್ತಕ್ಷರ ತಪ್ಪಿದೆ, ಹಾಗೇ ಬಿಟ್ಟಿದ್ದೇನೆ.